ಅಕ್ಕಿ ಹೆಚ್ಚಿದ ಮನೆಯ ಅಂಬುಜಾಕ್ಷಿ

ದೀಪದ ಬತ್ತಿಯನ್ನು ಮುಂದಕ್ಕೆ ಸರಿಸಿ, ಕೈಯಲ್ಲಿ ಅಕ್ಷತೆ ಹಿಡಿದು, ಅನ್ನಪೂರ್ಣೆಯ ಈ ಕಥೆಯನ್ನು ಮನಸ್ಸಿಟ್ಟು ಕೇಳಿರಿ.

ಕಂಕಣಪುರವೆಂಬ ಊರಿನಲ್ಲಿ ಪದ್ಮನಾಭನೆಂಬ ಗಂಧದೆಣ್ಣೆಯ ವ್ಯಾಪಾರಿಯೂ ಅವನ ಹೆಂಡತಿ ಅಂಬುಜಾಕ್ಷಿಯೂ ನಂದಿನಿಯೆಂಬ ಪುಟ್ಟ ಮಗಳೊಡನೆ ಬಾಳುತ್ತಿದ್ದರು. ಹೀಗಿರಲಾಗಿ, ಪದ್ಮನಾಭನು ವ್ಯಾಪಾರಕ್ಕೆಂದು ಹೊಳೆಯಾಚೆಯ ಪಟ್ಟಣಕ್ಕೆ ಹೋದವನು, ಅಲ್ಲಿಯೇ ಅಂಗಡಿ ಇಟ್ಟು, ಅಲ್ಲಿಯೇ ಬೇರೊಂದು ಸಂಸಾರ ಹೂಡಿ, ಇತ್ತ ಹೆಂಡತಿ ಮಗಳಿಗೆ ಕಾಳು ಕಡ್ಡಿ ಕಳಿಸುವುದನ್ನೂ ನಿಲ್ಲಿಸಿಬಿಟ್ಟನು.

ಅಂಬುಜಾಕ್ಷಿಯಾದರೋ ಮಾನಕ್ಕೆ ಅಂಜಿದವಳು. ಮುತ್ತೈದೆಯಾದವಳು ಮನೆಯಲ್ಲಿ ‘ಇಲ್ಲ’ ಎಂಬ ಮಾತನ್ನು ಆಡಬಾರದೆಂದು ಅವಳಿಗೆ ಅತ್ತೆ ಕಲಿಸಿದ್ದರು. ನಿಮಗೂ ತಿಳಿದದ್ದೇ, ಆದರೂ ಹೇಳುತ್ತೇನೆ: ಬಳೆ ಒಡೆದರೆ ‘ಬಳೆ ಹೆಚ್ಚಿತು’ ಎನ್ನುತ್ತೇವೆ, ಅಕ್ಕಿ ಮುಗಿದರೆ ‘ಅಕ್ಕಿ ಹೆಚ್ಚಿದೆ’ ಎನ್ನುತ್ತೇವೆ. ಹಾಗೆಂದರೆ ಅಕ್ಕಿ ತೀರಿದೆ ಎಂದೇ ಅರ್ಥ. ಅವಳು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ದೇವರ ಮುಂದಿನ ಸೇರು ಬರಿದಾಗಿ ಕಾಣಬಾರದೆಂದು ಅದರಲ್ಲಿ ಭತ್ತದ ಹೊಟ್ಟು ತುಂಬಿ, ಮೇಲೆ ಒಂದು ಹಿಡಿ ಅಕ್ಕಿ ಹರಡಿ, ಕುಂಕುಮ ಇಟ್ಟು ಕೈಮುಗಿಯುತ್ತಿದ್ದಳು.

ಮಗಳು ದಿನೇ ದಿನೇ ಸೊರಗುವುದನ್ನು ಕಂಡು ನೆರೆಯವರು ಅವಳನ್ನು ನ್ಯಾಯಸ್ಥಾನಕ್ಕೆ ಕರೆದೊಯ್ದು ಜೀವನಾಂಶ ಕೇಳಿಸಿದರು. ಜೀವನಾಂಶವೆಂದರೆ ಭಿಕ್ಷೆಯಲ್ಲ, ಕೈಹಿಡಿದವನು ಕೈಬಿಟ್ಟರೂ ಹೆಂಡತಿ ಮಕ್ಕಳ ಅನ್ನದ ಹೊಣೆ ಅವನನ್ನು ಬಿಡುವುದಿಲ್ಲವೆಂದು ಅವನಿಂದ ಕೊಡಿಸುವ ಪಾಲು. ಅಲ್ಲಿ ಗಂಡನ ಕಡೆಯ ವಕೀಲನು ಬಲು ವಿನಯದಿಂದ, ಮನೆಯಲ್ಲಿ ಅಕ್ಕಿ ಹೇಗಿದೆ ತಾಯಿ ಎಂದು ಕೇಳಿದನು. ಹಣೆಯಲ್ಲಿ ಕುಂಕುಮ ಇಟ್ಟುಕೊಂಡು ತುಂಬಿದ ಸಭೆಯಲ್ಲಿ ‘ಇಲ್ಲ’ ಎನ್ನುವುದು ಹೇಗೆಂದು ಅವಳು ಅಂಜಿ, ಅಕ್ಕಿ ಹೆಚ್ಚಿದೆ ಎಂದಳು. ನ್ಯಾಯಾಧೀಶರು ಮತ್ತೆ ಕೇಳಿದರು. ಅವಳು ತಲೆ ತಗ್ಗಿಸಿ ಮತ್ತೆ ಅದನ್ನೇ ಹೇಳಿದಳು. ಆಡಿದ ಮಾತನ್ನು ಆಡಿದಂತೆಯೇ ಬರೆದುಕೊಳ್ಳುವುದು ಅಲ್ಲಿಯ ಪದ್ಧತಿಯಾದ್ದರಿಂದ, ಅಕ್ಕಿ ಹೆಚ್ಚಿರುವ ಮನೆಗೆ ಜೀವನಾಂಶವೇಕೆ ಎಂದು ವಕೀಲನು ವಾದಿಸಲು, ಅರ್ಜಿ ಬಿದ್ದುಹೋಯಿತು.

ಆ ಶುಕ್ರವಾರ ಮುದುಕಿಯೊಬ್ಬಳು ಬಾಗಿಲಿಗೆ ಬಂದು ಅನ್ನ ಬೇಡಿದಳು. ಮುಂದಿನ ಮನೆಗೆ ಹೋಗಿ ಅಜ್ಜಿ ಎಂದು ಅಂಬುಜಾಕ್ಷಿ ಮೆಲ್ಲಗೆ ಹೇಳಿದರೂ ಕೇಳದೆ, ಮುದುಕಿ ಒಳಗೇ ಬಂದು, ದೇವರ ಮುಂದೆ ಕುಳಿತು, ಸೇರಿನೊಳಗೆ ಬೆರಳಿಟ್ಟು ನೋಡಿದಳು. ಬೆರಳಿಗೆ ಹೊಟ್ಟು ಅಂಟಿತು.

“ನನಗೂ ಹೊಟ್ಟೇ ಬಡಿಸಿದೆಯಲ್ಲೇ ಮಗಳೇ,” ಎಂದು ನಕ್ಕಳು.

ಬಂದವಳು ಯಾರೆಂದು ಅಂಬುಜಾಕ್ಷಿಗೆ ಆಗ ಹೊಳೆದು, ಕಾಲಿಗೆ ಬಿದ್ದು, ‘ಇಲ್ಲ’ ಎಂದರೆ ಲಕ್ಷ್ಮಿ ಹೊರಟುಹೋಗುವಳೆಂದು ಹೆದರಿದೆ ಎಂದು ಅತ್ತಳು. ಮುದುಕಿ ಅವಳ ತಲೆ ನೇವರಿಸಿ ಹೇಳಿದಳು:

“ಹಾಗಂತ ಕಲಿಸಿದವರು ಹೊಟ್ಟೆ ತುಂಬ ಉಂಡಿದ್ದರು ಕಣಮ್ಮ. ಇಲ್ಲದ್ದನ್ನು ಇಲ್ಲ ಅಂತ ಹೇಳದಿದ್ದರೆ ನಾನಾದರೂ ಎಲ್ಲಿಗೆ ತಂದು ಹಾಕಲಿ?”

ಬಳಿಕ ವ್ರತದ ಕ್ರಮವನ್ನೂ ತಿಳಿಸಿದಳು: ಶುಕ್ರವಾರ ಸಂಜೆ ದೀಪ ಹಚ್ಚಿ, ಸೇರನ್ನು ಬರಿದಾಗಿಯೇ ಇಟ್ಟು, ಮನೆಯಲ್ಲಿ ಏನಿಲ್ಲವೋ ಅದನ್ನು ನೆರೆದವರ ಮುಂದೆ ಬಾಯಿಬಿಟ್ಟು ಹೇಳಬೇಕು, ಕೇಳಿದವರು ಒಂದೊಂದು ಹಿಡಿ ಹಾಕಬೇಕು. ಇಷ್ಟು ಹೇಳಿ ಅವಳು ಕಾಣದಾದಳು. ಅಂಬುಜಾಕ್ಷಿ ಅಂದೇ ನೆರೆಯ ಹೆಂಗಸರನ್ನು ಕರೆದು, ನಾಲಿಗೆ ತಡವರಿಸುತ್ತ, ಅಕ್ಕಿ ಇಲ್ಲ ಎಂದಳು. ದೀಪ ಆರಲಿಲ್ಲ. ಸೇರು ತುಂಬಿತು.

ಆ ಧೈರ್ಯದಿಂದ ಅವಳು ನ್ಯಾಯಸ್ಥಾನಕ್ಕೆ ಮರಳಿ ಹೋಗಿ, “ಅಕ್ಕಿ ಇಲ್ಲ, ಬೇಳೆ ಇಲ್ಲ, ಹೋದವರು ಬರಲೂ ಇಲ್ಲ,” ಎಂದು ಸ್ಪಷ್ಟವಾಗಿ ನುಡಿದಳು. ಅಂದು ಹೆಚ್ಚಿದ್ದ ಅಕ್ಕಿ ಇಂದು ಎಲ್ಲಿ ಹೋಯಿತೆಂದು ವಕೀಲನು ಹಂಗಿಸಿದನು. ಆಗ ನ್ಯಾಯಾಧೀಶರು ವಕೀಲನ ಪಕ್ಕದಲ್ಲಿ ನಿಂತಿದ್ದ ಪದ್ಮನಾಭನತ್ತ ತಿರುಗಿ, ನಿಮ್ಮ ತಾಯಿ ‘ಅಕ್ಕಿ ಹೆಚ್ಚಿದೆ ಮಗೂ’ ಎಂದಾಗ ನೀವು ಏನು ಮಾಡುತ್ತಿದ್ದಿರಿ ಎಂದು ಕೇಳಿದರು.

“ಚೀಲ ಹಿಡಿದು ಅಂಗಡಿಗೆ ಓಡುತ್ತಿದ್ದೆ,” ಎಂದನು ಪದ್ಮನಾಭ, ಯೋಚಿಸದೆ.

ಸಭೆಯಲ್ಲಿ ನಗು ಎದ್ದಿತು. ಅವನು ಮಾತ್ರ, ತಾನೇನು ಹೇಳಿದೆನೆಂದು ಅರಿವಾಗಿ, ತಾಯಿಯ ನೆನಪೂ ಒತ್ತಿ ಬಂದು, ಕಣ್ಣೊರೆಸಿಕೊಂಡನು. ತಿಂಗಳು ತಿಂಗಳೂ ತಪ್ಪದೆ ಜೀವನಾಂಶ ಕೊಡಬೇಕೆಂದು ತೀರ್ಪಾಯಿತು, ಅವನು ಕೊಟ್ಟನು. ಅವನು ಮನೆಗೆ ಮರಳಿದನೋ ಎಂದು ಕೇಳುವಿರಿ. ಮರಳಲಿಲ್ಲ, ಅಂಬುಜಾಕ್ಷಿ ಅದನ್ನು ಬೇಡಲೂ ಇಲ್ಲ. ಅಂದು ಅವಳು ಬಿಸಿ ಅನ್ನಕ್ಕೆ ತುಪ್ಪ ಹಾಕಿ ಕಲಸಿ ಕೊಡಲು, ನಂದಿನಿ ಉಂಡು, ಇನ್ನಷ್ಟು ಹಾಕಮ್ಮ ಎಂದು ಎಲೆಯ ಮೇಲೆ ಕೈಯಿಟ್ಟು ಕುಳಿತಳು. ತಾಯಿ ಹಾಕಿದಳು, ಮತ್ತೆ ಹಾಕಿದಳು, ಮಗು ಎಲೆಯ ಮುಂದೆಯೇ ತೂಕಡಿಸಿತು.

ಅಂಬುಜಾಕ್ಷಿಗೆ ಒಲಿದ ಅನ್ನಪೂರ್ಣೆ ಈ ಕಥೆ ಓದಿದವರಿಗೂ, ಕೇಳಿದವರಿಗೂ, ಕೇಳುತ್ತ ನಿದ್ದೆಹೋದ ಮಕ್ಕಳಿಗೂ ಒಲಿಯಲಿ; ಕೈಬಿಟ್ಟವರ ಬಾಗಿಲಲ್ಲಿ ನಿಂತ ಹೆಣ್ಣುಮಕ್ಕಳಿಗೆ ಸಲ್ಲಬೇಕಾದ ಅನ್ನ ಸಲ್ಲಲಿ. ಅಕ್ಷತೆಯನ್ನು ದೇವಿಯ ಪಾದಕ್ಕೆ ಹಾಕಿ, ನಿಮ್ಮ ನಿಮ್ಮ ಮನೆಯಲ್ಲಿ ಏನಿಲ್ಲವೋ ಒಬ್ಬೊಬ್ಬರಾಗಿ ಹೇಳಿರಿ.