ಮೂರೂ ಬಂದ ಮೇಲೆ

“ಗುರುಗಳೇ, ನನಗೆ ಅನಿಮೇಷನ್ ಬರುತ್ತದೆ. ಈಗ ಎಡಿಟಿಂಗ್ ಕಲಿಯುತ್ತಿದ್ದೇನೆ. ನಿರ್ದೇಶನವನ್ನೂ ಕಲಿತ ಮೇಲೆ ನನ್ನ ಸ್ವಂತ ಸಿನಿಮಾ ಮಾಡಬೇಕೆಂದಿದ್ದೇನೆ. ಈ ದಾರಿ ಸರಿಯೇ?” ಎಂದು ಶಿಷ್ಯೆ ಕೇಳಿದಳು.

ಗುರುಗಳು ಒಂದು ಕತೆ ಹೇಳಿದರು:

ಒಬ್ಬ ಚಿತ್ರಗಾರನಿದ್ದ. ಹಾಳೆಯ ಮೇಲೆ ಹಾಳೆ ಇಟ್ಟು ಚಿತ್ರ ಬರೆದು, ಅವು ಚಲಿಸುವಂತೆ ಮಾಡುವುದು ಅವನ ಕಸುಬು. ಅವನಿಗೆ ಐದು ವರ್ಷದ ಮಗಳಿದ್ದಳು. ಅವಳಿಗೆ ಹುಟ್ಟಿನಿಂದಲೇ ಕಿವಿ ಕೇಳಿಸುತ್ತಿರಲಿಲ್ಲ. ಕತೆ ಎಂದರೆ ಅವಳಿಗೆ ಅಪ್ಪ ಬರೆದು ತೋರಿಸಿದ್ದು ಮಾತ್ರ.

ಒಂದು ದಿನ ಅವನು, ಆಗತಾನೇ ಹುಟ್ಟಿದ ಕರು ಎದ್ದು ನಿಲ್ಲುವುದನ್ನು ಬರೆದು ತೋರಿಸಿದ. ಕರು ಎರಡು ಸಲ ಬಿದ್ದು, ಆಮೇಲೆ ನಿಂತಿತು. ಮಗಳು ನಕ್ಕಳು. ಕೈಸನ್ನೆಯಲ್ಲಿ ಕೇಳಿದಳು: “ಮುಂದೆ ಎಲ್ಲಿಗೆ ಹೋಯಿತು?”

“ಇರು, ತೋರಿಸುತ್ತೇನೆ” ಎಂದು ಅವನೂ ಸನ್ನೆ ಮಾಡಿದ.

ಬರೆಯಲು ಕುಳಿತಾಗ, ಒಂದು ದೃಶ್ಯಕ್ಕೆ ಇನ್ನೊಂದನ್ನು ಜೋಡಿಸುವುದು ತನಗೆ ತಿಳಿಯದು ಎಂದು ಅವನಿಗೆ ಅರಿವಾಯಿತು. ಮಗಳಿಗೆ ಅರೆಬರೆ ಕತೆ ಕೊಡಲು ಮನಸ್ಸಾಗಲಿಲ್ಲ. ಎಡಿಟಿಂಗ್ ಕಲಿಯಲು ಹೋದ. ಅದರಲ್ಲಿ ಒಂಬತ್ತು ವರ್ಷ ಕಳೆದವು. ಯಾವುದನ್ನು ಉಳಿಸಬೇಕು, ಯಾವುದನ್ನು ಕತ್ತರಿಸಬೇಕು ಎಂಬುದರಲ್ಲಿ ದೊಡ್ಡ ಹೆಸರು ಮಾಡಿದ. ಆಗ, ಇಡೀ ಕತೆಯನ್ನು ಕಾಣುವವನು ನಿರ್ದೇಶಕ, ತಾನಲ್ಲ ಅನ್ನಿಸಿತು. ಅದನ್ನೂ ಕಲಿತ. ಬೇರೆಯವರ ಕತೆಗಳನ್ನು ನಿರ್ದೇಶಿಸಿದ. ಜನ ಮೆಚ್ಚಿದರು.

ಮಗಳು ಮೊದಮೊದಲು ದಿನಾ ಕೇಳುತ್ತಿದ್ದಳು. ಶಾಲೆಗೆ ಸೇರಿದ ಮೇಲೆ ಕೇಳುವುದನ್ನು ಬಿಟ್ಟಳು. ಅದರಿಂದ ಅವನಿಗೆ ಎಷ್ಟೋ ಹಗುರವಾಯಿತು.

ಇಪ್ಪತ್ತೆರಡು ವರ್ಷಗಳ ನಂತರ ಅವನು ಮತ್ತೆ ಪೆನ್ಸಿಲ್ ಹಿಡಿದ. ಕರು ಏಳುತ್ತಿತ್ತು, ಆದರೆ ಅದರ ಕಾಲಲ್ಲಿ ಜೀವವಿರಲಿಲ್ಲ. ಬೇರೆಯವರ ಕಣ್ಣಿಗೆ ಅದು ಬೀಳುತ್ತಿರಲಿಲ್ಲ. ಅವನ ಪಳಗಿದ ಕಣ್ಣಿಗೆ ಪ್ರತಿ ತಪ್ಪೂ ಕಾಣುತ್ತಿತ್ತು. ತಿದ್ದಲು ಹೋದರೆ ಕೈ ಮಾತು ಕೇಳುತ್ತಿರಲಿಲ್ಲ. ಒಳ್ಳೆಯ ಕಲಾವಿದರನ್ನು ಕರೆಸಿ ಬರೆಸಿದ. ಅವರು ಚೆನ್ನಾಗಿಯೇ ಬರೆದರು. ಆದರೆ ಅದು ಅವರ ಕರು. ಅದನ್ನೂ ಕತ್ತರಿಸಿ ತೆಗೆದ. ಎರಡು ವರ್ಷ ದುಡಿದರೂ ಒಂದು ನಿಮಿಷದಷ್ಟು ಚಿತ್ರವೂ ಉಳಿಯಲಿಲ್ಲ.

ಕೊನೆಗೆ ಮಗಳ ಊರಿಗೆ ಹೋದ. ಅವಳು ಅಲ್ಲಿನ ಶಾಲೆಯೊಂದರಲ್ಲಿ ಮಕ್ಕಳಿಗೆ ಲೆಕ್ಕ ಕಲಿಸುತ್ತಿದ್ದಳು. ಅವಳ ಎದುರು ಕುಳಿತು, “ಕರುವಿನ ಕತೆ ನನ್ನಿಂದ ಆಗಲಿಲ್ಲ ಮಗಳೇ” ಎಂದು ಸನ್ನೆಯಲ್ಲಿ ಹೇಳಿದ. ಇಷ್ಟು ಹೇಳುವುದರೊಳಗೆ ಅವನ ಕೈ ಎರಡು ಸಲ ತಡವರಿಸಿತು.

ಮಗಳು ಅಪ್ಪನ ಮುಖ ನೋಡಿದಳು. ನೆನಪಿಸಿಕೊಳ್ಳಲು ಪ್ರಯತ್ನಪಟ್ಟಳು.

“ಯಾವ ಕರು, ಅಪ್ಪಾ?” ಎಂದು ಕೇಳಿದಳು.

ಅವನು ಊಟ ಮುಗಿಸಿ ಮಧ್ಯಾಹ್ನದ ಬಸ್ಸಿಗೆ ಹಿಂತಿರುಗಿದ. ಆಮೇಲೆ ಏನನ್ನೂ ಬರೆಯಲಿಲ್ಲ.

ಗುರುಗಳು ಇಷ್ಟು ಹೇಳಿ ನಿಲ್ಲಿಸಿದರು. ಶಿಷ್ಯೆ ಮೆಲ್ಲನೆ ಕೇಳಿದಳು: “ಹಾಗಾದರೆ ಒಂದನ್ನೇ ಹಿಡಿದು ಕೂರಬೇಕೇ?”

“ಎಷ್ಟು ಬೇಕಾದರೂ ಕಲಿ, ಆದರೆ ನೀನು ಯಾರನ್ನು ಕಾಯಿಸಿ ಬಂದಿದ್ದೀ, ಅದನ್ನು ಹೇಳು” ಎಂದರು ಗುರುಗಳು.