ಮರಳೋತಿಯ ಬಾಯಾರಿಕೆ

ಮರುಭೂಮಿಯ ಅಂಚಿನ ಆಶ್ರಮದಲ್ಲಿ ವಸುಬೋಧರೆಂಬ ಗುರುಗಳಿದ್ದರು. ವಿದ್ಯೆ ಮುಗಿಸಿದ ಶಿಷ್ಯನಿಗೆ ಅವರು ಒಂದೇ ಒಂದು ತಾಳೆಗರಿಯನ್ನು ಕೊಡುತ್ತಿದ್ದರು. ಅದರಲ್ಲಿ ಒಂದು ಜೀವಿಯನ್ನು ಕುರಿತು ಬರೆಯಬೇಕು. ಬರೆದುದು ಮೆಚ್ಚುಗೆಯಾದರೆ ಹೊರಡಲು ಅಪ್ಪಣೆ. ಇಲ್ಲವಾದರೆ ಇನ್ನೊಂದು ವರ್ಷದ ವಾಸ.

ಶ್ರುತಧರನ ಪಾಲಿಗೆ ಬಂದುದು ಬೆರಳುದ್ದದ ಮರಳೋತಿ.

ಹದಿನೇಳು ದಿನಗಳ ಮೇಲೆ ಅವನು ಗರಿಯನ್ನು ಗುರುಗಳ ಮುಂದಿಟ್ಟನು. ಅವನ ಊರಿನತ್ತ ಸಾಗುವ ಒಂಟೆಸಾಲು ಅಂದು ಸಂಜೆಯೇ ಹೊರಡಲಿತ್ತು.

ವಸುಬೋಧರು ಓದಿದರು. "ಮೈಯನ್ನು ಅಲುಗಿಸಿ ರೆಪ್ಪೆ ಬಡಿಯುವಷ್ಟರಲ್ಲಿ ಮರಳಿನೊಳಗೆ ಮುಳುಗುತ್ತದೆ. ನೆಲ ಕಾದಾಗ ಬೆರಳುಗಳನ್ನೆತ್ತಿ ಹಿಮ್ಮಡಿಯ ಮೇಲೆ ನಿಲ್ಲುತ್ತದೆ... ಇದನ್ನು ನೋಡಿದೆಯಾ?"

"ನೋಡಿದೆ, ಗುರುಗಳೇ. ನಾನೂ ಹಾಗೆಯೇ ನಿಂತು ನೋಡಿದೆ. ಬಿದ್ದೆ."

ಗುರುಗಳು ನಕ್ಕರು. "ಮುಂದೆ, 'ಈ ಓತಿಯು ನೀರನ್ನು ಕುಡಿಯದು.' ಇದನ್ನೂ ನೋಡಿದೆಯಾ?"

ಶಿಷ್ಯನು ತಲೆ ತಗ್ಗಿಸಿದನು. "ಅದು ತಮ್ಮ ಗ್ರಂಥದ ವಾಕ್ಯ."

"ಹದಿನೇಳು ದಿನ ಬಿಸಿಲಿನಲ್ಲಿ ಬೆಂದು ನನ್ನ ಮಾತನ್ನೇ ನನಗೆ ಹೊತ್ತು ತಂದೆಯಾ? ಅದು ಇಲ್ಲಿಯೇ ಇತ್ತಲ್ಲಪ್ಪ! ನೀನು ಕಂಡುದೇನು?"

ಗುರುವಾಕ್ಯವನ್ನು ಅಲ್ಲಗಳೆದರೆ ಅಪ್ಪಣೆ ದೊರೆಯದೆಂಬ ಅಂಜಿಕೆ ಶ್ರುತಧರನಿಗೆ. ಆದರೂ ಹೇಳಿದನು.

"ಹನ್ನೊಂದನೆಯ ದಿನ ನಾಲ್ಕು ಹನಿ ಮಳೆ ಬಿತ್ತು. ಓತಿ ಹಿಂಭಾಗವನ್ನು ಎತ್ತಿ, ತಲೆ ತಗ್ಗಿಸಿ ನಿಂತಿತು. ಬೆನ್ನ ಮೇಲಿನ ನೀರು ಹುರುಪೆಗಳ ಸಂದಿನಲ್ಲಿ ಹರಿದು ಬಾಯಿಯ ಮೂಲೆ ಸೇರಿತು. ಅದು ಕುಡಿಯಿತು, ಗುರುಗಳೇ."

"ಕಂಡೂ ಬರೆಯಲಿಲ್ಲವೇಕೆ?"

"ನನ್ನ ಕಣ್ಣು ತಪ್ಪಿರಬಹುದು. ತಾವು ತಪ್ಪುವಿರೇ?"

ವಸುಬೋಧರು ಕಮಂಡಲುವನ್ನೂ ಒಂದು ದರ್ಭೆಯ ಎಸಳನ್ನೂ ತೆಗೆದುಕೊಂಡು ಎದ್ದರು. "ನಡೆ."

ಅವರು ಬರುವುದನ್ನು ಕಂಡದ್ದೇ ತಡ, ದಿಬ್ಬದ ನೆತ್ತಿಯಲ್ಲಿದ್ದ ಓತಿ ಮರಳಿನಲ್ಲಿ ಮುಳುಗಿತು. ಎಂಬತ್ತರ ಆ ವೃದ್ಧರು ಅಲ್ಲಿಯೇ ಬೋರಲಾಗಿ ಮಲಗಿದರು. ಶಿಷ್ಯನೂ ಮಲಗಿದನು. ಬಿಸಿಲು ಬೆನ್ನನ್ನು ಸುಟ್ಟಿತು. ಕಡೆಗೆ ಮರಳಿನಿಂದ ಎರಡು ಕಣ್ಣುಗಳು ಮೂಡಿದವು, ಬಳಿಕ ತಲೆ, ಬಳಿಕ ಮೈ.

ಗುರುಗಳು ಮೆಲ್ಲನೆ ಕೈಚಾಚಿ, ದರ್ಭೆಯ ತುದಿಯಿಂದ ಅದರ ಬೆನ್ನಿನ ಮೇಲೆ ಹನಿಹನಿಯಾಗಿ ನೀರು ತೊಟ್ಟಿಕ್ಕಿಸಿದರು.

ಓತಿಯ ಬೆನ್ನು ಮೇಲೆದ್ದಿತು. ತಲೆ ಬಾಗಿತು. ಒಣಗಿದ್ದ ಹುರುಪೆಗಳ ನಡುವೆ ಕೂದಲೆಳೆಯಂತಹ ಕಾಲುವೆಗಳು ಮಿನುಗಿದವು. ಪುಟ್ಟ ದವಡೆ ಆಡತೊಡಗಿತು.

"ಎಲಾ ಇದರ!" ಎಂದರು ಗುರುಗಳು. "ಮೈಯನ್ನೇ ಬೊಗಸೆ ಮಾಡಿಕೊಂಡಿದೆಯಲ್ಲೋ! ನಾನು ಇದಕ್ಕಾಗಿ ವರ್ಷಗಟ್ಟಲೆ ಬಾವಿಯ ಬಳಿ ಕಾದೆ. ಬರಲೇ ಇಲ್ಲ. ಕುಡಿಯದು ಎಂದು ಬರೆದೆ."

ಆಶ್ರಮಕ್ಕೆ ಮರಳಿದವರೇ ಅವರು ತಮ್ಮ ಗ್ರಂಥದ ಕಟ್ಟನ್ನು ಬಿಚ್ಚಿದರು. ಆ ವಾಕ್ಯವಿದ್ದ ಗರಿಯನ್ನು ಹೊರತೆಗೆದು, ಅಕ್ಷರ ಕೊರೆಯುವ ಕಂಟವನ್ನು ಶಿಷ್ಯನ ಕೈಗಿತ್ತರು.

ಶ್ರುತಧರನು ಕಂಟವನ್ನು ಮರಳಿ ಗುರುಗಳತ್ತ ಚಾಚಿದನು. "ತಮ್ಮ ಗ್ರಂಥದಲ್ಲಿ ನಾನು ಬರೆಯುವುದೇ?"

"ಬರೆದು ಹೊರಡು, ಒಂಟೆಸಾಲು ಕಾಯದು. ಅಕ್ಷರ ಮಾತ್ರ ದಪ್ಪವಾಗಿರಲಿ; ನನ್ನ ಕಣ್ಣು ಮಂದವಾಗಿದೆ, ನಾನು ಇದನ್ನು ಓದಿ ಕಲಿಯಬೇಕು."