ಪೊರೆ ಸುತ್ತಿಕೊಂಡು ಹಾಡಿದ ಮಡಿವಾಳ ಹಕ್ಕಿ

ಒಂದು ಮಡಿವಾಳ ಹಕ್ಕಿ ಹಾವಿನ ಬಾಯಿಗೆ ತುತ್ತಾದ ತನ್ನ ಮರಿಯ ಮೇಲೆ ಹಾಡು ಕಟ್ಟಿ, ದಿನವೂ ಬೇಲದ ಮರದಲ್ಲಿ ಕೂತು ಹಾಡುತ್ತಿತ್ತು. ಯಾರೂ ತಲೆಯೆತ್ತಿ ನೋಡುತ್ತಿರಲಿಲ್ಲ. ಒಂದು ಬೆಳಿಗ್ಗೆ ಅದು ಹಾವು ಕಳಚಿ ಹೋಗಿದ್ದ ಪೊರೆಯನ್ನು ಕೊರಳಿಗೆ ಸುತ್ತಿಕೊಂಡು ಅದೇ ಹಾಡನ್ನು ಹಾಡಿತು. ಕಾಡಿಗೆ ಕಾಡೇ ಬಂದು ನೆರೆಯಿತು.

"ಇದು ಕಲೆ. ಭಯವನ್ನೇ ಮೈಮೇಲೆ ಹೊದ್ದುಕೊಂಡಿದೆ ನೋಡಿ," ಎಂದಿತು ಮುಸುವ ಕೋತಿ.

"ಬರೀ ಗಿಮಿಕ್ಕು. ಪೊರೆ ತೆಗೆದರೆ ಉಳಿಯುವುದೇನು?" ಎಂದಿತು ಗೊರವಂಕ.

ಇಬ್ಬರಿಗೂ ಜಗಳ ಹತ್ತಿಕೊಂಡಿತು. ಹಾಡು ಹೇಗಿತ್ತೆಂದು ಇಬ್ಬರೂ ಹೇಳಲಿಲ್ಲ. ಹಕ್ಕಿಗೆ ಇಬ್ಬರ ಮಾತೂ ನಿಜವೆನಿಸಿತು. ಅದು ಪೊಟರೆಗೆ ಹೋಗಿ, ಯಾರ ಮಾತು ಸರಿಯೆಂದು ತನ್ನ ಹೆಂಡತಿಯನ್ನು ಕೇಳಿತು.

"ನೀವು ಸುಮ್ಮನೆ ಹಾಡುತ್ತಿದ್ದಾಗ ನನಗೆ ಅಳು ಬರುತ್ತಿತ್ತು. ಇವತ್ತು ಪೊರೆ ಕಂಡು ಹೆದರಿ ಹಾರಿಹೋದೆ," ಎಂದಿತು ಹೆಣ್ಣುಹಕ್ಕಿ. "ಅದನ್ನು ಯಾಕೆ ಸುತ್ತಿಕೊಂಡಿರಿ?"

"ನಮ್ಮ ಮರಿಯನ್ನು ಎಲ್ಲರೂ ನೆನೆಯಲಿ ಅಂತ."

"ನೆನೆದರಾ?"



ಮರುದಿನ ಗಂಡುಹಕ್ಕಿ ಪೊರೆಯನ್ನು ಹೊಳೆಗೆ ಬಿಟ್ಟು ಹಾಡಲು ಕೂತಿತು. "ಪೊರೆ ಎಲ್ಲಿ?" ಎಂದು ಕೇಳಿದ ಮುಸುವ ಎದ್ದು ನಡೆಯಿತು. ಜಗಳಕ್ಕೆ ಜೊತೆಯಿಲ್ಲದೆ ಗೊರವಂಕವೂ ಅದರ ಹಿಂದೆಯೇ ಹಾರಿತು. ಒಬ್ಬೊಬ್ಬರಾಗಿ ಎಲ್ಲರೂ ಹೊರಟರು. ಒಂದು ಮುದಿ ಆಮೆ ಮಾತ್ರ ಕಣ್ಣು ಮುಚ್ಚಿ ಕೇಳುತ್ತ ಉಳಿಯಿತು. ಹಕ್ಕಿ ಹಾಡುತ್ತಲೇ ಇತ್ತು, ಆದರೆ ಅದರ ಕಣ್ಣು ಹೋಗುತ್ತಿದ್ದವರ ಬೆನ್ನ ಮೇಲೇ ಇತ್ತು. ಮರಿಯ ಹೆಸರು ಬರುವ ಸಾಲಿಗೆ ಬಂದಾಗ ಆ ಹೆಸರು ಅದಕ್ಕೆ ನೆನಪಾಗಲಿಲ್ಲ.